ಸೈಟು ನೋಡುವ ಮುನ್ನ ನೆಲ ನೋಡೋಣ

ಕಳೆದ ವರ್ಷ ಅಪ್ಪ ಯಲಹಂಕದಾಚೆ ಒಂದು ಸೈಟು ನೋಡಿ ಬಂದರು. ಮೂವತ್ತು ನಲವತ್ತರ ಅಳತೆ, ಕೈಗೆಟುಕುವ ದರ, ಮುಂದೆ ಡಾಂಬರು ರಸ್ತೆ. ಹದಿನೆಂಟು ವರ್ಷ ಬಾಡಿಗೆ ಮನೆಯಲ್ಲೇ ಕಳೆದ ನಮಗೆ ಇನ್ನೇನು ಬೇಕಿತ್ತು? ಮುಂಗಡ ಕೊಡುವ ಹಿಂದಿನ ರಾತ್ರಿ ನಾನು ಸುಮ್ಮನೆ ಮೊಬೈಲ್‌ನಲ್ಲಿ ದಿಶಾಂಕ್ ಆ್ಯಪ್ ತೆರೆದು ಆ ಸರ್ವೆ ನಂಬರ್ ಹುಡುಕಿದೆ. ಸೈಟಿನ ಬದಿಯಲ್ಲೇ ಹಳ್ಳದ ಗೆರೆಯೊಂದು ಹಾದುಹೋಗಿತ್ತು.

ಬೆಳಿಗ್ಗೆ ಬ್ರೋಕರ್‌ಗೆ ತೋರಿಸಿದೆವು. ‘ಸಾರ್, ಅದೆಲ್ಲ ಹಳೇ ಕಾಲದ ನಕ್ಷೆ. ಹಳ್ಳ ಎಲ್ಲಿದೆ, ನೀವೇ ತೋರ್ಸಿ ನೋಡೋಣ’ ಎಂದರು. ಹಳ್ಳ ಕಾಣಲಿಲ್ಲ, ನಿಜ. ಮಣ್ಣು ತುಂಬಿ ಮಟ್ಟ ಮಾಡಿದ್ದರು. ಕೊನೆಗೆ ತಾತನನ್ನು ಕರೆದುಕೊಂಡು ಹೋದೆವು. ಅವರು ಒಂದು ಸುತ್ತು ನೋಡಿ, ‘ಇದು ಕೆರೆ ಕೆಳಗಿನ ಗದ್ದೆ ಬಯಲು ಕಣಮ್ಮ. ಇಲ್ಲಿ ಭತ್ತ ಹಾಕ್ತಿದ್ರು, ಮನೆ ಕಟ್ತಿರ್ಲಿಲ್ಲ’ ಎಂದರು. ಅಪ್ಪ ಸೈಟು ಬಿಟ್ಟರು.

ನಾನು ಪದವಿಯಲ್ಲಿ ಭೂವಿಜ್ಞಾನ ಓದುತ್ತಿರುವವಳು. ಆದರೆ ತಾತ ಒಂದೇ ಮಾತಿನಲ್ಲಿ ಹೇಳಿದ್ದನ್ನು ನಮ್ಮ ನಗರ ಯಾಕೆ ಕೇಳಿಸಿಕೊಳ್ಳುತ್ತಿಲ್ಲ ಎಂಬುದು ಯಾವ ಪಠ್ಯದಲ್ಲೂ ಸಿಗಲಿಲ್ಲ.

ಬೆಂಗಳೂರಿನ ಅಡಿಯಲ್ಲಿರುವುದು ನೈಸ್ ಎಂಬ ಬಹಳ ಪುರಾತನ ಗಟ್ಟಿ ಶಿಲೆ. ಅದರ ಮೇಲೆ ಶಿಥಿಲಗೊಂಡ ಕಲ್ಲು ಮತ್ತು ಕೆಂಪು ಮಣ್ಣಿನ ಹೊದಿಕೆ. ದೊಡ್ಡ ಮಳೆ ಬಂದರೆ ನೀರೆಲ್ಲ ಅಷ್ಟು ಬೇಗ ಇಂಗುವುದಿಲ್ಲ. ದಿಣ್ಣೆಯಿಂದ ತಗ್ಗಿಗೆ ಓಡುತ್ತದೆ. ಹಿಂದಿನವರು ಆ ತಗ್ಗುಗಳಿಗೆ ಏರಿ ಕಟ್ಟಿ ಕೆರೆ ಮಾಡಿದರು. ಒಂದು ಕೆರೆ ಕೋಡಿ ಹರಿದರೆ ನೀರು ಮುಂದಿನ ಕೆರೆಗೆ. ಯಲಹಂಕ ಕೆರೆಯ ಹೆಚ್ಚುವರಿ ನೀರು ಜಕ್ಕೂರಿಗೆ, ಜಕ್ಕೂರಿನದು ರಾಚೇನಹಳ್ಳಿಗೆ. ಊರಿನ ಮನೆಗಳು ದಿಣ್ಣೆಯ ಮೇಲೆ, ಗದ್ದೆಗಳು ಏರಿಯ ಕೆಳಗೆ. ನಮ್ಮ ಊರ ಹೆಸರುಗಳೇ ಇದನ್ನು ಹೇಳುತ್ತವೆ. ಅಲ್ಲಾಳಸಂದ್ರ, ದೊಡ್ಡಬೊಮ್ಮಸಂದ್ರಗಳ ‘ಸಂದ್ರ’ ಅಂದರೆ ಸಮುದ್ರ, ಅಂದರೆ ದೊಡ್ಡ ಕೆರೆ.

ಈ ಲೆಕ್ಕ ತಪ್ಪಿದರೆ ಏನಾಗುತ್ತದೆ ಎಂಬುದನ್ನು ನಮ್ಮ ಬಡಾವಣೆಯವರು ಕಣ್ಣಾರೆ ಕಂಡಿದ್ದೇವೆ. 2024ರ ಅಕ್ಟೋಬರ್ 22ರ ನಸುಕಿನಲ್ಲಿ ಯಲಹಂಕದಲ್ಲಿ ಆರು ಗಂಟೆಗಳಲ್ಲಿ ಸುಮಾರು 157 ಮಿ.ಮೀ. ಮಳೆ ಸುರಿಯಿತು. ಬಳ್ಳಾರಿ ರಸ್ತೆ ಪಕ್ಕದ ಕೇಂದ್ರೀಯ ವಿಹಾರ ಅಪಾರ್ಟ್‌ಮೆಂಟ್‌ಗೆ ನೀರು ನುಗ್ಗಿ, ನಿವಾಸಿಗಳನ್ನು ದೋಣಿಯಲ್ಲಿ ಹೊರಗೆ ತರಬೇಕಾಯಿತು. ಅದು ಮೊದಲ ಸಲವೂ ಆಗಿರಲಿಲ್ಲ. 2021ರ ನವೆಂಬರ್‌ನಲ್ಲೂ ಅದೇ ಆವರಣದಲ್ಲಿ ಅದೇ ದೋಣಿಗಳು ಓಡಾಡಿದ್ದವು.

ಹಾಗಾದರೆ ನಮ್ಮಲ್ಲಿ ನಕ್ಷೆಗಳಿಲ್ಲವೇ? ಇವೆ, ಅದೂ ಇಲ್ಲೇ ಇವೆ. ಯಲಹಂಕದ ಮೇಜರ್ ಸಂದೀಪ್ ಉನ್ನಿಕೃಷ್ಣನ್ ರಸ್ತೆಯಲ್ಲೇ ಎರಡು ಸರ್ಕಾರಿ ಸಂಸ್ಥೆಗಳಿವೆ. ಒಂದು, ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ. 1988ರಲ್ಲಿ ಬರಗಾಲದ ಮೇಲೆ ಕಣ್ಣಿಡಲು ಶುರುವಾದ ಈ ಕೇಂದ್ರ ಇಂದು ರಾಜ್ಯದ ಮಳೆ, ನೆರೆ, ಭೂಕಂಪನ ಎಲ್ಲವನ್ನೂ ಗಮನಿಸುತ್ತದೆ. ಭಾರತೀಯ ವಿಜ್ಞಾನ ಸಂಸ್ಥೆಯ ಜೊತೆ ಸೇರಿ ‘ಬೆಂಗಳೂರು ಮೇಘಸಂದೇಶ’ ಆ್ಯಪ್ ರೂಪಿಸಿದ್ದೂ ಇದೇ. ಇನ್ನೊಂದು, ಉಪಗ್ರಹ ಚಿತ್ರಗಳಿಂದ ನಕ್ಷೆ ಮಾಡುವ ದೂರ ಸಂವೇದಿ ಕೇಂದ್ರ. ದಿಶಾಂಕ್ ಆ್ಯಪ್ ಬಂದದ್ದು ಅಲ್ಲಿಂದ. ಅಪಾಯ ಅಳೆಯುವ ಕಚೇರಿಗಳು ಮತ್ತು ಮುಳುಗಿದ ಮನೆಗಳು ಒಂದೇ ಯಲಹಂಕದಲ್ಲಿವೆ.

ನೆರೆಯೊಂದೇ ಅಲ್ಲ. ಐಐಎಸ್‌ಸಿಯ ಟಿ.ಜಿ. ಸೀತಾರಾಂ ಮತ್ತು ಪಿ. ಅನ್ಬಳಗನ್ ಅವರು ಬೆಂಗಳೂರಿನ ನೂರಾರು ಕಡೆ ಕೊರೆದ ಮಣ್ಣಿನ ಮಾಹಿತಿ ಜೋಡಿಸಿ ಭೂಕಂಪದ ಸೂಕ್ಷ್ಮ ವಲಯ ನಕ್ಷೆ ಮಾಡಿದ್ದಾರೆ. ಬೆಂಗಳೂರಿಗೆ ಭೂಕಂಪದ ಭಯ ಕಡಿಮೆ, ಸರಿ. ಆದರೆ ಒಂದೇ ಕಂಪನಕ್ಕೆ ಗಟ್ಟಿ ಬಂಡೆಯ ಮೇಲಿನ ಮನೆ ಅಲುಗಾಡುವುದಕ್ಕೂ, ಕೆರೆ ಮುಚ್ಚಿ ಮಣ್ಣು ತುಂಬಿದ ಜಾಗದ ಮನೆ ಅಲುಗಾಡುವುದಕ್ಕೂ ವ್ಯತ್ಯಾಸವಿದೆ. ನೀರಿಗೆ ಅಪಾಯದ ಜಾಗವೇ ಕಂಪನಕ್ಕೂ ದುರ್ಬಲ ಜಾಗ.

ಇಷ್ಟಿದ್ದೂ ನಾವು ಜಗಳವಾಡುವುದು ಮೀಟರ್‌ಗಳ ಬಗ್ಗೆ. 2015ರ ಪರಿಷ್ಕೃತ ಮಹಾಯೋಜನೆಯಲ್ಲಿ ಕೆರೆಯ ಸುತ್ತ 30 ಮೀಟರ್ ಮೀಸಲು ಎಂದಿತ್ತು. 2016ರಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಅದನ್ನು 75 ಮೀಟರ್‌ಗೆ ಏರಿಸಿತು. 2019ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ರದ್ದುಪಡಿಸಿತು. ಮೀಸಲು ವಲಯ ಬೇಕೇ ಬೇಕು. ಆದರೆ ನೀರಿಗೆ ಟೇಪಿನ ಲೆಕ್ಕ ಗೊತ್ತಿಲ್ಲ. ಒಂದು ಕಡೆ ಹತ್ತು ಮೀಟರ್ ದೂರದ ದಿಣ್ಣೆ ಒಣಗಿಯೇ ಇರಬಹುದು, ಇನ್ನೊಂದು ಕಡೆ ಇನ್ನೂರು ಮೀಟರ್ ದೂರದ ತಗ್ಗು ಮುಳುಗಬಹುದು. ಇಳಿಜಾರು, ಮಣ್ಣು, ಹಳೆಯ ಹರಿವು ಇವನ್ನೆಲ್ಲ ಸೇರಿಸಿ ಹೇಳಬಲ್ಲದ್ದು ಅಪಾಯದ ನಕ್ಷೆ ಮಾತ್ರ.

ಇದು ತಗ್ಗಿನಲ್ಲಿರುವವರ ಕಥೆ ಮಾತ್ರ ಎಂದುಕೊಳ್ಳಬೇಡಿ. ಭಾನುವಾರ ಬೆಳಗಾಗುವ ಮೊದಲೇ ನಾವೆಲ್ಲ ಬೈಕ್ ಏರಿ ಹೋಗುವ ನಂದಿಬೆಟ್ಟದಲ್ಲೂ 2021ರ ಆಗಸ್ಟ್‌ನಲ್ಲಿ ಮಣ್ಣು ಕುಸಿದು ರಸ್ತೆ ಮುಚ್ಚಿತ್ತು. 2018ರಲ್ಲಿ ಕೊಡಗು, 2024ರ ಜುಲೈ 16ರಂದು ಅಂಕೋಲಾದ ಶಿರೂರು. ಎಲ್ಲೆಡೆ ಕಾಣುವುದು ಜೋರು ಮಳೆ, ಜೊತೆಗೆ ರಸ್ತೆಗೋ ಮನೆಗೋ ಕಡಿದ ಇಳಿಜಾರು. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆ ದೇಶದ ಗುಡ್ಡಗಾಡುಗಳಿಗೆ ಭೂಕುಸಿತದ ನಕ್ಷೆ ಮಾಡಿದೆ. ಆದರೆ ಗುಡ್ಡ ಕಡಿಯುವ ಜೆಸಿಬಿ ಚಾಲಕನ ಕೈಗಾಗಲಿ, ಜಾಗ ಕೊಳ್ಳುವವನ ಕೈಗಾಗಲಿ ಆ ನಕ್ಷೆ ತಲುಪುವುದಿಲ್ಲ.

ಬೇರೆ ದೇಶಗಳು ಇದಕ್ಕೆ ದಾರಿ ಹುಡುಕಿವೆ. ಸ್ವಿಟ್ಜರ್ಲೆಂಡ್‌ನಲ್ಲಿ ಅಪಾಯದ ನಕ್ಷೆಗೆ ಬಣ್ಣಗಳಿವೆ: ಕೆಂಪು ಜಾಗದಲ್ಲಿ ಹೊಸ ಮನೆ ಕಟ್ಟುವಂತಿಲ್ಲ, ನೀಲಿಯಲ್ಲಿ ಷರತ್ತಿನ ಮೇಲೆ ಕಟ್ಟಬಹುದು, ಹಳದಿ ಎಂದರೆ ಎಚ್ಚರಿಕೆ. ಕ್ಯಾಲಿಫೋರ್ನಿಯಾದಲ್ಲಿ ಮನೆ ಮಾರುವವರು ಅದು ನೆರೆ ಅಥವಾ ಭೂಕಂಪದ ಅಪಾಯ ವಲಯದಲ್ಲಿದ್ದರೆ ಕೊಳ್ಳುವವರಿಗೆ ಬರಹದಲ್ಲಿ ತಿಳಿಸಬೇಕು. ಮುಚ್ಚಿಡಲು ಅವಕಾಶವಿಲ್ಲ.

ನಮ್ಮಲ್ಲೂ ಇದು ಕಷ್ಟವೇನಲ್ಲ. 2024ರ ಅಕ್ಟೋಬರ್‌ನಿಂದ ಬೆಂಗಳೂರಿನಲ್ಲಿ ಆಸ್ತಿ ನೋಂದಣಿಗೆ ಇ-ಖಾತಾ ಕಡ್ಡಾಯ. ಅದಕ್ಕೆ ಆಸ್ತಿ ಇರುವ ಜಾಗದ ಜಿಪಿಎಸ್ ಗುರುತು ಪಡೆಯುತ್ತಾರೆ. ಆ ಗುರುತನ್ನು ಅಪಾಯದ ನಕ್ಷೆಯ ಮೇಲಿಟ್ಟು, ‘ಈ ಜಾಗ ಹಳೆಯ ಹರಿವಿನಲ್ಲಿದೆ’, ‘ಇದು ತುಂಬಿದ ಮಣ್ಣು’ ಎಂದು ಖಾತೆಯಲ್ಲೇ ಒಂದು ಸಾಲು ಮುದ್ರಿಸಬಹುದು. ಈಗ ನಗರ ಐದು ಪಾಲಿಕೆಗಳಾಗಿದೆ. ಕೆರೆ ಸರಣಿಗಳು ಇನ್ನೂ ಅಷ್ಟಿಷ್ಟು ಉಳಿದಿರುವ ನಮ್ಮ ಉತ್ತರ ಪಾಲಿಕೆಯೇ ಇದನ್ನು ಮೊದಲು ಮಾಡಿ ತೋರಿಸಬಾರದೇಕೆ?

ಹೀಗೆ ಮಾಡಿದರೆ ಆಸ್ತಿ ಬೆಲೆ ಬೀಳುತ್ತದೆ, ಈಗಾಗಲೇ ಮನೆ ಕಟ್ಟಿಕೊಂಡವರ ಗತಿಯೇನು ಎಂದು ಕೇಳುವವರಿದ್ದಾರೆ. ನ್ಯಾಯವಾದ ಪ್ರಶ್ನೆ. ಸಾಲ ಮಾಡಿ ಮನೆ ಕಟ್ಟಿದವರನ್ನು ಒಕ್ಕಲೆಬ್ಬಿಸಿ ಎಂದು ನಾನು ಹೇಳುತ್ತಿಲ್ಲ. ಅಪಾಯ ಗೊತ್ತಿದ್ದರೆ ಪಾಯ ಎತ್ತರಿಸಬಹುದು, ನೆಲಮಾಳಿಗೆ ಬೇಡವೆನ್ನಬಹುದು, ಕಾಲುವೆಯ ಹೂಳು ಮೊದಲು ಎಲ್ಲಿ ತೆಗೆಯಬೇಕೆಂದು ಪಾಲಿಕೆಯನ್ನು ಕೇಳಬಹುದು. ಇನ್ನು ಬೆಲೆಯ ಮಾತು: ಗುಟ್ಟಾಗಿಟ್ಟರೆ ಅಪಾಯ ಹೋಗುವುದಿಲ್ಲ. ಅದರ ಬೆಲೆಯನ್ನು ಗೊತ್ತಿಲ್ಲದವನು ತೆರುತ್ತಾನೆ, ಅಷ್ಟೇ.

ಇದು ನನಗೆ ಅರ್ಥವಾದದ್ದು ಮೊನ್ನೆ. ಅಪ್ಪ ಬಿಟ್ಟ ಸೈಟಿನ ಮುಂದೆ ಹಾದುಹೋದೆ. ಅದು ಖಾಲಿ ಉಳಿದಿಲ್ಲ. ಬೇರೆ ಯಾರೋ ಕೊಂಡಿದ್ದಾರೆ, ಪಾಯ ಮೇಲೆದ್ದಿದೆ, ಕಂಬಿಗೆ ಹಸಿರು ಬಟ್ಟೆ ಕಟ್ಟಿ ಪೂಜೆಯೂ ಮಾಡಿದ್ದಾರೆ. ಅವರ ಮನೆಯಲ್ಲಿ ಭೂವಿಜ್ಞಾನ ಓದುವ ಮಗಳಿಲ್ಲದಿರಬಹುದು, ಗದ್ದೆ ಬಯಲು ನೆನಪಿರುವ ತಾತ ಇಲ್ಲದಿರಬಹುದು. ನಾವು ನಕ್ಷೆ ನೋಡಿ ಪಾರಾದೆವು ಎಂದುಕೊಂಡಿದ್ದೆ. ನಾವು ಮಾಡಿದ್ದು ಆ ಅಪಾಯವನ್ನು ಇನ್ನೊಂದು ಮನೆಯ ಬಾಗಿಲಿಗೆ ಬಿಟ್ಟು ಬಂದದ್ದು. ಗೇಟಿಲ್ಲದ ಆ ಸೈಟಿನೊಳಗೆ ಹೋಗಿ, ಮನೆಯವರು ಬರುವವರೆಗೂ ಕಾದು, ಮೊಬೈಲ್‌ನಲ್ಲಿ ಆ ಗೆರೆ ತೋರಿಸಿ ಬಂದೆ. ಅವರು ಬಹಳ ಹೊತ್ತು ಅದನ್ನೇ ನೋಡಿದರು. ಆಮೇಲೆ ಕೇಳಿದ್ದು ಇಷ್ಟೇ: ‘ಕೊಳ್ಳೋ ಮುಂಚೆ ಇದನ್ನ ಯಾರೂ ಯಾಕಮ್ಮ ಹೇಳ್ಲಿಲ್ಲ?’