ಪ್ರಶಾಂತ ಬೀಚು ಬೇಕು, ಟಿಕೆಟ್ ಮಾತ್ರ ಬೇಡ!

ಅಲ್ಲ ಸ್ವಾಮಿ, ಸಮುದ್ರ ನೋಡೋಕೂ ಟಿಕೆಟ್ಟಾ? ನಾಳೆ ಗಾಳಿಗೂ ದುಡ್ಡು ಕೇಳ್ತಾರೆ ಬಿಡಿ... ಇಟಲಿಯ ಸಾರ್ಡೀನಿಯಾ ದ್ವೀಪದ ಸ್ತಿಂತೀನೋ ಊರಿನ ಮಾತು ಬಂದಾಗಲೆಲ್ಲ ಇದೇ ಗೊಣಗಾಟ. ಕೇಳಿದರೆ ನನಗಂತೂ ಮೈ ಉರಿಯುತ್ತೆ. ಯಾಕೆ ಅಂತ ಹೇಳ್ತೀನಿ.

ಸ್ತಿಂತೀನೋ ದ್ವೀಪದ ವಾಯವ್ಯ ತುದಿಯಲ್ಲಿರುವ ಪುಟ್ಟ ಮೀನುಗಾರರ ಊರು. ಇದ್ದರೆ ಒಂದೂವರೆ ಸಾವಿರ ಜನ. ಪಕ್ಕದಲ್ಲೇ ಲಾ ಪೆಲೋಸಾ ಬೀಚು: ಬಿಳಿ ಮರಳು, ಆಳವಿಲ್ಲದ ತಿಳಿನೀರು, ಎದುರಿಗೆ 16ನೇ ಶತಮಾನದ ಕಾವಲು ಗೋಪುರ. ಬೇಸಿಗೆ ಬಂತೆಂದರೆ ಕಾಲಿಡೋಕೆ ಜಾಗವಿಲ್ಲದ ಹಾಗೆ ಜನ ನುಗ್ಗುತ್ತಿದ್ದರು. ಅದಕ್ಕೇ 2020ರ ದಶಕದ ಆರಂಭದಲ್ಲಿ ಊರಿನ ಆಡಳಿತ ಬೇಸಿಗೆಯಲ್ಲಿ ದಿನಕ್ಕೆ 1,500 ಮಂದಿಗಷ್ಟೇ ಪ್ರವೇಶ ಅಂದಿತು. ತಲೆಗೆ 3.50 ಯೂರೋ ಶುಲ್ಕ ಇಟ್ಟಿತು. ಟವೆಲನ್ನು ನೇರವಾಗಿ ಮರಳಿನ ಮೇಲೆ ಹಾಸಬೇಡಿ, ಕೆಳಗೆ ಚಾಪೆ ಹಾಕಿ ಅಂದಿತು.

ಚಾಪೆ ಅಂದರೆ ಎಲ್ಲರಿಗೂ ನಗು. ಒದ್ದೆ ಟವೆಲಿಗೆ ಅಂಟಿಕೊಂಡ ಮರಳು ಹೋಟೆಲಿನ ಬಚ್ಚಲು ಸೇರಿದರೆ ಮತ್ತೆ ಕಡಲಿಗೆ ಬರುತ್ತಾ? ಒಬ್ಬೊಬ್ಬರದು ಒಂದು ಹಿಡಿ ಅಂತಲೇ ಇಟ್ಟುಕೊಳ್ಳಿ. ಸಾವಿರಾರು ಜನ, ನೂರು ದಿನ, ಹತ್ತಾರು ವರ್ಷ... ನೀವೇ ಗುಣಿಸಿ. ಇನ್ನು ಬೇಕಂತಲೇ ತುಂಬಿಕೊಂಡು ಹೋಗುವ ಪುಣ್ಯಾತ್ಮರು ಬೇರೆ! ಮರಳು ಒಯ್ದರೆ 500ರಿಂದ 3,000 ಯೂರೋ ದಂಡ ಅಂತ ಸಾರ್ಡೀನಿಯಾ 2017ರಲ್ಲಿ ಕಾನೂನನ್ನೇ ಮಾಡಬೇಕಾಯಿತು. ಆದರೂ 2019ರಲ್ಲಿ ದಕ್ಷಿಣದ ಕೀಯಾ ಬೀಚಿನ 40 ಕಿಲೋ ಮರಳನ್ನು ಬಾಟಲಿಗಳಲ್ಲಿ ತುಂಬಿಕೊಂಡ ಫ್ರಾನ್ಸಿನ ಜೋಡಿಯೊಂದು ಸಿಕ್ಕಿಬಿತ್ತು.

"ಕಡಲು ಎಲ್ಲರದ್ದು" ಅಂತೀರಾ? ಹೌದು, ಎಲ್ಲರದ್ದೇ. ನಾಳೆ ಹುಟ್ಟುವವರದ್ದೂ ಹೌದು. ಇಟಲಿಯ ಎಷ್ಟೋ ಬೀಚುಗಳಲ್ಲಿ ಖಾಸಗಿಯವರು ಕೊಡೆ, ಕುರ್ಚಿ ಹಾಕಿ ಇದರ ಹತ್ತು ಪಟ್ಟು ಕೇಳಿದರೂ ತೆಪ್ಪಗೆ ಕೊಡ್ತೀವಿ. ಬೀಚು ಉಳಿಸೋಕೆ ಊರಿನವರು ಎರಡು ಕಾಫಿಯ ದುಡ್ಡು ಕೇಳಿದರೆ ಮಾತ್ರ ನಮ್ಮ ಸ್ವಾತಂತ್ರ್ಯಕ್ಕೆ ಧಕ್ಕೆ!

ಈ ಊರು ಹುಟ್ಟಿದ್ದು ಹೇಗೆ ಗೊತ್ತಾ? 1885ರಲ್ಲಿ ಎದುರಿನ ಅಸಿನಾರಾ ದ್ವೀಪವನ್ನು ಸೆರೆಮನೆಗೂ ರೋಗಿಗಳನ್ನು ಪ್ರತ್ಯೇಕವಾಗಿಡೋಕೂ ಸರ್ಕಾರ ತೆಗೆದುಕೊಂಡಿತು. ಅಲ್ಲಿಂದ ಎಬ್ಬಿಸಿದ 45 ಕುಟುಂಬಗಳು ಈಚೆ ದಡಕ್ಕೆ ಬಂದು ಕಟ್ಟಿದ ಊರಿದು. ಒಮ್ಮೆ ನೆಲ ಕಳಕೊಂಡವರು ಕಾಲಡಿಯ ಮರಳನ್ನಾದರೂ ಉಳಿಸಿಕೊಳ್ಳಬಾರದಾ?

ಕೊನೆಗೆ ನಮ್ಮ ಬ್ಲಾಗಿಗರಿಗೊಂದು ಮಾತು. "ಯಾರೂ ಕಾಣದ ಸ್ವರ್ಗ" ಅಂತ ದಾರಿ ಸಮೇತ ಬರೆಯೋರು ನಾವೇ, ಮರುವರ್ಷ "ಅಯ್ಯೋ, ಎಷ್ಟು ಜನ!" ಅಂತ ಮೂಗು ಮುರಿಯೋರೂ ನಾವೇ. ಮುಂದಿನ ಸಲ ಬರೆಯುವಾಗ ನೀರಿನ ಬಣ್ಣ ಆಮೇಲೆ ವರ್ಣಿಸೋಣ, ಮೊದಲು ಚಾಪೆಯ ವಿಷಯ ಬರೆಯೋಣ.

ಏನಂತೀರಿ?