ಅಳಿಸುವುದೋ, ಸಾಗಿಸುವುದೋ?

(ಅಂತಿಮ ಬಿ.ಎ. ತರಗತಿಯ ವಿದ್ಯಾರ್ಥಿ)

ಸಂಪಾದಿಸುವುದು ಒಂದು ವಿದ್ಯೆಯಾದರೆ ಸಂಪಾದಿಸಿದುದನ್ನು ಕಾಪಾಡಿಕೊಳ್ಳುವುದು ಮತ್ತೊಂದು ವಿದ್ಯೆ. ರೈತನಿಗೆ ಬೆಳೆ ತೆಗೆಯುವುದು ಎಷ್ಟು ಮುಖ್ಯವೋ ಬೆಳೆದ ಕಾಳನ್ನು ಹುಳು ಹಿಡಿಯದಂತೆ ಇಡುವುದೂ ಅಷ್ಟೇ ಮುಖ್ಯ. ವಿದ್ಯಾರ್ಥಿಗೆ ಟಿಪ್ಪಣಿ ಬರೆದುಕೊಳ್ಳುವುದು ಎಷ್ಟು ಅಗತ್ಯವೋ ಪರೀಕ್ಷೆಯ ಹಿಂದಿನ ರಾತ್ರಿ ಆ ಟಿಪ್ಪಣಿ ಕೈಗೆ ಸಿಗುವಂತೆ ಇಟ್ಟಿರುವುದೂ ಅಷ್ಟೇ ಅಗತ್ಯ. ಈ ಮಾತು ಟಿ.ವಿ.ಯ ಪಕ್ಕದಲ್ಲಿ ಕುಳಿತಿರುವ ವಿಡಿಯೋ ಗೇಮ್ ಪೆಟ್ಟಿಗೆಗೂ ಅನ್ವಯಿಸುತ್ತದೆ ಎಂದರೆ ಹಿರಿಯರು ನಗಬಹುದು. ಆದರೂ ಈ ಲೇಖನದಲ್ಲಿ ನಾನು ವಾಚಕರ ಮುಂದೆ ಇಡಬಯಸುವ ವಿಚಾರ ಅದೇ.

ಪದವಿ ತರಗತಿಯ ವಿದ್ಯಾರ್ಥಿಗೆ ಬರೆಯಲು ಬೇರೆ ವಿಷಯವೇ ಸಿಗಲಿಲ್ಲವೇ ಎಂದು ಕೆಲವರು ಕೇಳಿಯಾರು. ಆಟವೆಂದರೆ ಕಾಲಹರಣ, ಅದರಲ್ಲೂ ಯಂತ್ರದ ಆಟವೆಂದರೆ ಕಣ್ಣಿಗೂ ಕೇಡು, ಕೈಗೂ ಕೇಡು ಎಂಬುದು ನಮ್ಮಲ್ಲಿ ಅನೇಕರ ಅಭಿಪ್ರಾಯ. ಅತಿಯಾದರೆ ಅದು ನಿಜವೂ ಹೌದು. ಅತಿಯಾದರೆ ಅಮೃತವೂ ವಿಷವಲ್ಲವೇ? ಆದರೆ ಇಂದು ಆಟದ ಪೆಟ್ಟಿಗೆಯಲ್ಲಿ ಎದ್ದಿರುವ ಪ್ರಶ್ನೆ ಆಟಕ್ಕೆ ಮಾತ್ರ ಸೇರಿದುದಲ್ಲ. ನಾವು ಹಣ ಕೊಟ್ಟು ಕೊಂಡದ್ದು ನಮ್ಮದೇ, ನಾವು ದುಡಿದು ಗಳಿಸಿದ್ದು ನಮ್ಮ ಕೈಯಲ್ಲಿ ಉಳಿಯುತ್ತದೆಯೇ ಎಂಬುದೇ ಆ ಪ್ರಶ್ನೆ. ಪುಸ್ತಕ, ಸಂಗೀತ, ಚಿತ್ರ, ಎಲ್ಲವೂ ಯಂತ್ರದೊಳಗೆ ಸೇರುತ್ತಿರುವ ಈ ಕಾಲದಲ್ಲಿ ಅದನ್ನು ಅಲ್ಪವೆಂದು ತಳ್ಳಿಹಾಕುವಂತಿಲ್ಲ.

ಮೊದಲು ಪೂರ್ವಚರಿತ್ರೆಯನ್ನು ಕೊಂಚ ನೋಡೋಣ. 1977ರಲ್ಲಿ ಅಮೆರಿಕದಲ್ಲಿ ಹೊರಬಂದ ಅಟಾರಿ ಪೆಟ್ಟಿಗೆಯಲ್ಲಿ ಆಟವೆಲ್ಲ ಒಂದು ಕಾರ್ಟ್ರಿಜ್‌ನಲ್ಲಿ ಅಡಗಿರುತ್ತಿತ್ತು. ಅದನ್ನು ಸಿಕ್ಕಿಸಿದರೆ ಆಟ, ತೆಗೆದರೆ ಮುಗಿಯಿತು. ಆಡಿದವನ ಪ್ರಗತಿಯನ್ನು ನೆನಪಿಟ್ಟುಕೊಳ್ಳುವ ಏರ್ಪಾಡು ಇರಲಿಲ್ಲ. ಮುಂದೆ ಕೆಲವು ಆಟಗಳು ನಿಲ್ಲಿಸುವಾಗ ಒಂದು ಗುಟ್ಟಿನ ಅಕ್ಷರಮಾಲೆಯನ್ನು ತೋರಿಸತೊಡಗಿದವು. ಅದನ್ನು ಕಾಗದದಲ್ಲಿ ಬರೆದಿಟ್ಟುಕೊಂಡು ಮರುದಿನ ಒಪ್ಪಿಸಿದರೆ ಬಿಟ್ಟ ಕಡೆಯಿಂದ ಆಟ ಮುಂದುವರಿಯುತ್ತಿತ್ತು. 1987ರಲ್ಲಿ ನಿಂಟೆಂಡೋ ಸಂಸ್ಥೆಯ ‘ದಿ ಲೆಜೆಂಡ್ ಆಫ್ ಝೆಲ್ಡಾ’ ಅಮೆರಿಕಕ್ಕೆ ಬಂದಾಗ ಕಾರ್ಟ್ರಿಜ್‌ನ ಒಳಗೇ ಒಂದು ಪುಟ್ಟ ಬ್ಯಾಟರಿ ಕುಳಿತು ಆಟಗಾರನ ಪ್ರಗತಿಯನ್ನು ಕಾಯುತ್ತಿತ್ತು. ಬ್ಯಾಟರಿ ಸತ್ತರೆ ಪ್ರಗತಿಯೂ ಸತ್ತಿತು ಎಂಬುದು ಅದರ ದೋಷ. 1994ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ಬಂದ ಸೋನಿ ಸಂಸ್ಥೆಯ ಪ್ಲೇಸ್ಟೇಷನ್ನಿಗೆ ಬೇರೆಯಾದೊಂದು ಮೆಮೊರಿ ಕಾರ್ಡು ಇತ್ತು. ಅದರಲ್ಲಿ 128 ಕೆಬಿಯಷ್ಟೇ ಜಾಗ. ಅದೂ 15 ಮನೆಗಳಾಗಿ ಹಂಚಿದ್ದು. ಗೆಳೆಯನ ಮನೆಗೆ ಹೋಗುವ ಹುಡುಗ ಕಾರ್ಡನ್ನು ಜೇಬಿನಲ್ಲಿ ಹಾಕಿಕೊಂಡು ಹೋಗಿ ಅಲ್ಲಿ ತನ್ನ ಆಟವನ್ನು ಮುಂದುವರಿಸಬಹುದಾಗಿತ್ತು. ಜಾಗ ಸಣ್ಣದು, ಆದರೆ ಸ್ವಾತಂತ್ರ್ಯ ದೊಡ್ಡದು!

2001ರಲ್ಲಿ ಮೈಕ್ರೋಸಾಫ್ಟ್ ಸಂಸ್ಥೆಯ ಎಕ್ಸ್‌ಬಾಕ್ಸ್ 8 ಜಿಬಿಯ ಹಾರ್ಡ್ ಡಿಸ್ಕನ್ನು ಒಡಲೊಳಗೇ ಇಟ್ಟುಕೊಂಡು ಬಂದಿತು. 2013ರ ಪಿಎಸ್4 ಯಂತ್ರದಲ್ಲಿ 500 ಜಿಬಿ ಇದ್ದಿತು. 2020ರ ನವೆಂಬರಿನಲ್ಲಿ ಬಂದ ಪಿಎಸ್5ರಲ್ಲಿ ಹಾರ್ಡ್ ಡಿಸ್ಕಿನ ಸ್ಥಾನದಲ್ಲಿ 825 ಜಿಬಿಯ ಎಸ್‌ಎಸ್‌ಡಿ ಇದ್ದಿತು. ಯಂತ್ರದ ಸ್ವಂತ ಉಪಯೋಗಕ್ಕೆ ಹೋದುದನ್ನು ಕಳೆದರೆ ಆಡುವವನಿಗೆ ದಕ್ಕುತ್ತಿದ್ದುದು ಸುಮಾರು 667 ಜಿಬಿ. ಅದೇ ವರ್ಷದ ಎಕ್ಸ್‌ಬಾಕ್ಸ್ ಸೀರೀಸ್ ಎಸ್ ಯಂತ್ರದ 512 ಜಿಬಿಯಲ್ಲಿ ಕೈಗೆ ಸಿಗುತ್ತಿದ್ದುದು ಸುಮಾರು 364 ಜಿಬಿ ಮಾತ್ರ. ಪೆಟ್ಟಿಗೆಯ ಮೇಲೆ ಅಚ್ಚಾದ ಸಂಖ್ಯೆಯನ್ನು ನಂಬಿ ಕೊಂಡವನಿಗೆ ಮೊದಲ ದಿನವೇ ಇದು ತಿಳಿಯುತ್ತದೆ.

ಇಷ್ಟು ಜಾಗ ಸಾಲದೇ ಎಂದರೆ, ಸಾಲದು. ಇಂದಿನ ದೊಡ್ಡ ಆಟವೊಂದು 100 ಜಿಬಿಯನ್ನು ಬೇಡುವುದು ಅಪರೂಪವಲ್ಲ. ಹಳೆಯ 128 ಕೆಬಿ ಕಾರ್ಡಿನಲ್ಲಿ ಅದನ್ನು ತುಂಬಬೇಕಾದರೆ ಏಳೂವರೆ ಲಕ್ಷಕ್ಕೂ ಮೇಲ್ಪಟ್ಟು ಕಾರ್ಡುಗಳು ಬೇಕಾದಾವು! ಚಿತ್ರಗಳು ಸೂಕ್ಷ್ಮವಾದಷ್ಟೂ ಶಬ್ದ ಸ್ಪಷ್ಟವಾದಷ್ಟೂ ಗಾತ್ರ ಬೆಳೆಯುತ್ತದೆ. ಹಿಂದಿನ ಹಾರ್ಡ್ ಡಿಸ್ಕುಗಳ ಕಾಲದಲ್ಲಿ ಮತ್ತೊಂದು ಕಾರಣವೂ ಇತ್ತು. ತಿರುಗುವ ತಟ್ಟೆಯ ಮೇಲೆ ಅಲ್ಲಲ್ಲಿ ಚದುರಿದ ಮಾಹಿತಿಯನ್ನು ಹುಡುಕಿ ತರಲು ಕಾಲ ಹಿಡಿಯುತ್ತಿದ್ದುದರಿಂದ, ಒಂದೇ ವಸ್ತುವಿನ ಮಾಹಿತಿಯನ್ನು ಹಲವೆಡೆ ನಕಲು ಮಾಡಿ ಇಡುತ್ತಿದ್ದರು. ಪಿಎಸ್5ರ ಶಿಲ್ಪಿ ಮಾರ್ಕ್ ಸರ್ನಿಯವರು 2020ರ ಮಾರ್ಚಿನ ಭಾಷಣದಲ್ಲಿ ‘ಸ್ಪೈಡರ್‌ಮ್ಯಾನ್’ ಆಟವನ್ನು ಉದಾಹರಿಸಿ, ಬೀದಿಯ ಅಂಚೆಪೆಟ್ಟಿಗೆಯಂತಹ ವಸ್ತುಗಳ ಮಾಹಿತಿ ಡಿಸ್ಕಿನಲ್ಲಿ 400 ಬಾರಿಯವರೆಗೂ ಪುನರಾವರ್ತನೆಯಾಗಿದ್ದುದನ್ನು ವಿವರಿಸಿದ್ದರು. ಎಸ್‌ಎಸ್‌ಡಿ ಬಂದ ಮೇಲೆ ಆ ಅಗತ್ಯ ತಪ್ಪಿತು. ಆದರೂ ಆಟಗಳ ಹಸಿವು ತಗ್ಗಲಿಲ್ಲ. ಅಂಗಡಿಯಿಂದ ಡಿಸ್ಕು ತಂದವನಿಗೂ ವಿನಾಯಿತಿಯಿಲ್ಲ. ಡಿಸ್ಕಿನಿಂದ ಓದುವುದು ನಿಧಾನವಾದುದರಿಂದ ಆಟವನ್ನು ಯಂತ್ರದೊಳಕ್ಕೆ ನಕಲು ಮಾಡಿಕೊಳ್ಳಲೇಬೇಕು. ಡಿಸ್ಕು ಈಗ ಬೀಗದ ಕೈಯಂತೆ ಉಳಿದಿದೆ, ಅಷ್ಟೆ.

ಹೀಗೆ ಐದಾರು ದೊಡ್ಡ ಆಟಗಳಿಗೆ ಯಂತ್ರ ತುಂಬಿಹೋಗುತ್ತದೆ. ಆಗ ಸುಲಭವಾಗಿ ಕೇಳಿಬರುವ ಉಪದೇಶ ಒಂದೇ: ‘ಹಳೆಯದನ್ನು ಅಳಿಸಿಬಿಡಿ, ಬೇಕಾದಾಗ ಮತ್ತೆ ಡೌನ್‌ಲೋಡ್ ಮಾಡಿಕೊಂಡರಾಯಿತು.’ ಈ ಉಪದೇಶ ಯಾರಿಗೆ ಹೇಳಿದ್ದು? ಮನೆಗೆ ವೇಗದ ಫೈಬರ್ ತಂತಿ ಬಂದಿರುವವರಿಗೆ ಅದು ಸರಿಹೋಗಬಹುದು. ನಮ್ಮ ಮನೆಯಲ್ಲಿ ಕಾಲೇಜಿನ ಮೆಟ್ಟಲು ಹತ್ತಿದವರಲ್ಲಿ ನಾನೇ ಮೊದಲಿಗ. ನಮ್ಮ ಊರಿನಲ್ಲಿ ಇಂಟರ್‌ನೆಟ್ ಎಂದರೆ ಮೊಬೈಲಿನಲ್ಲಿ ದಿನಕ್ಕೆ ಸಿಗುವ 2 ಜಿಬಿ. ಅದರಲ್ಲಿಯೇ ತಂಗಿಯ ಪಾಠ, ಅಪ್ಪನ ಹಣ ಪಾವತಿ, ನನ್ನ ಅರ್ಜಿ ನಮೂನೆಗಳು. ಎಲ್ಲವನ್ನೂ ಬದಿಗಿಟ್ಟು ಆಟಕ್ಕೇ ಮೀಸಲಿಟ್ಟರೂ 100 ಜಿಬಿ ಇಳಿಯಲು 50 ದಿನ ಬೇಕು. ಇಂತಹವನಿಗೆ ‘ಅಳಿಸಿಬಿಡಿ’ ಎನ್ನುವುದು, ಬಾವಿ ದೂರವಿರುವವನಿಗೆ ಕೊಡದ ನೀರು ಚೆಲ್ಲಿ ಹೊಸದು ತುಂಬಿಕೋ ಎಂದಂತೆ.

ಆದುದರಿಂದ ನನ್ನ ಅಭಿಪ್ರಾಯದಲ್ಲಿ ಅಳಿಸುವುದಕ್ಕಿಂತ ಸಾಗಿಸುವುದು ಲೇಸು. ನನ್ನ ಸೋದರಮಾವನ ಮಗ ಬೆಂಗಳೂರಿನಲ್ಲಿ ಕೆಲಸಕ್ಕೆ ಸೇರಿದ ಮೇಲೆ ಯಾರೋ ಬಳಸಿದ ಪಿಎಸ್4 ಒಂದನ್ನು ಕೊಂಡು ಊರಿಗೆ ತಂದನು. ಅದರೊಂದಿಗೆ ನಾವು ನಡೆದುಕೊಂಡ ಕ್ರಮ ಇದು. 2017ರ ಮಾರ್ಚಿನಿಂದ ಪಿಎಸ್4ಕ್ಕೆ ಯುಎಸ್‌ಬಿ 3.0 ಹಾರ್ಡ್ ಡಿಸ್ಕನ್ನು ಹೊರಗಿನಿಂದ ಜೋಡಿಸಲು ಅವಕಾಶವಿದೆ. 250 ಜಿಬಿಗಿಂತ ಕಡಿಮೆಯಿರಬಾರದು, 8 ಟಿಬಿ ಮೀರಬಾರದು. ಬಳಸುವ ಮುನ್ನ ಯಂತ್ರದಲ್ಲಿ ಅದನ್ನು ಫಾರ್ಮ್ಯಾಟ್ ಮಾಡಬೇಕಾದುದರಿಂದ ಅದರಲ್ಲಿದ್ದ ಹಳೆಯ ಫೋಟೋ, ಕಡತಗಳೆಲ್ಲ ಅಳಿಸಿಹೋಗುತ್ತವೆ. ಮೊದಲೇ ಬೇರೆಡೆಗೆ ತೆಗೆದಿಡಬೇಕು. ಬಳಿಕ ಸೆಟ್ಟಿಂಗ್ಸ್‌ನ ಸ್ಟೋರೇಜ್ ವಿಭಾಗಕ್ಕೆ ಹೋಗಿ ಆಟಗಳನ್ನು ಆರಿಸಿ ಹೊರಗಿನ ಡಿಸ್ಕಿಗೆ ಸಾಗಿಸಬಹುದು. ಸೆಕೆಂಡಿಗೆ 100 ಎಂಬಿ ಸಾಗುವುದೆಂದು ಲೆಕ್ಕ ಹಾಕಿದರೆ 100 ಜಿಬಿಗೆ ಸುಮಾರು 17 ನಿಮಿಷ. ವೇಗ ಅರ್ಧಕ್ಕಿಳಿದರೂ ಅರ್ಧ ಗಂಟೆಯ ಮಾತು. ಎಲ್ಲಿ 50 ದಿನ, ಎಲ್ಲಿ ಅರ್ಧ ಗಂಟೆ! ಅಲ್ಲದೆ ಪಿಎಸ್4 ಆಟಗಳನ್ನು ಆ ಹೊರಗಿನ ಡಿಸ್ಕಿನಿಂದಲೇ ಆಡಬಹುದು. ಮುಂದೆಂದಾದರೂ ಪಿಎಸ್5 ಕೊಂಡರೆ ಅದೇ ಡಿಸ್ಕನ್ನು ಅದಕ್ಕೆ ಸಿಕ್ಕಿಸಿದರೆ ಸಾಕು. ಡಿಸ್ಕನ್ನು ಕೀಳುವ ಮುನ್ನ ಯಂತ್ರದಲ್ಲಿ ಬಳಕೆ ನಿಲ್ಲಿಸುವ ಆದೇಶ ಕೊಡಬೇಕೆಂಬುದನ್ನು ಮಾತ್ರ ಮರೆಯಬಾರದು. ನಡುವೆ ಕಿತ್ತರೆ ಮಾಹಿತಿ ಕೆಡುವ ಭಯವುಂಟು.

ಪಿಎಸ್5 ಆಟಗಳ ಸಂಗತಿ ಸ್ವಲ್ಪ ಬೇರೆ. 2021ರ ಏಪ್ರಿಲಿನಿಂದ ಅವನ್ನು ಯುಎಸ್‌ಬಿ ಡಿಸ್ಕಿನಲ್ಲಿ ಇಡಬಹುದು, ಆದರೆ ಅಲ್ಲಿಂದ ಆಡಲಾಗದು. ಇದು ನಮ್ಮ ಹಳ್ಳಿಯ ಹಗೇವಿನಂತೆ. ಹಗೇವಿನಲ್ಲಿ ರಾಗಿ ವರ್ಷಗಟ್ಟಲೆ ಕೆಡದೆ ಇರುತ್ತದೆ, ಆದರೆ ಮುದ್ದೆ ಮಾಡಬೇಕಾದರೆ ಮೇಲಕ್ಕೆ ತೆಗೆದು ಬೀಸಿ ಅಡುಗೆಮನೆಗೆ ತರಲೇಬೇಕು. ಎಸ್‌ಎಸ್‌ಡಿ ಅಡುಗೆಮನೆ, ಹೊರಗಿನ ಡಿಸ್ಕು ಹಗೇವು. ಅಡುಗೆಮನೆಯನ್ನೇ ದೊಡ್ಡದು ಮಾಡಿಕೊಳ್ಳಬಯಸುವವರಿಗೆ ಎಂ.2 ಎಂಬ ಎಸ್‌ಎಸ್‌ಡಿಯನ್ನು ಒಳಗೆ ಕೂರಿಸುವ ದಾರಿ 2021ರ ಸೆಪ್ಟೆಂಬರಿನಿಂದ ತೆರೆದಿದೆ. ಸೆಕೆಂಡಿಗೆ 5,500 ಎಂಬಿ ಓದುವ ವೇಗವಿರಬೇಕೆಂದು ಸೋನಿ ಸಂಸ್ಥೆಯ ಸೂಚನೆ. ಅದರ ಬೆಲೆ ನಮ್ಮಂತಹವರಿಗೆ ಭಾರ. ಹಗೇವು ಇದ್ದವನಿಗೆ ಸಣ್ಣ ಅಡುಗೆಮನೆಯೇ ಸಾಕು.

ಇನ್ನು ಅತಿ ಮುಖ್ಯವಾದ ಮಾತಿಗೆ ಬರುತ್ತೇನೆ. ಆಟ ಬೇರೆ, ಸೇವ್ ಬೇರೆ. ಆಟವು ಕೊಂಡ ಸರಕು. ಸೇವ್ ನಮ್ಮ ದುಡಿಮೆ. ಎಪ್ಪತ್ತು ಎಂಬತ್ತು ಗಂಟೆ ಆಡಿ ಮುಟ್ಟಿದ ಘಟ್ಟವೆಲ್ಲ ಹಲವು ವೇಳೆ ಕೆಲವೇ ಎಂಬಿಗಳಲ್ಲಿ ಅಡಗಿರುತ್ತದೆ. ಆಟ ಹೋದರೆ ಮತ್ತೆ ಇಳಿಸಬಹುದು. ಸೇವ್ ಹೋದರೆ ಆ ಗಂಟೆಗಳನ್ನು ಯಾವ ಅಂಗಡಿಯೂ ಮಾರುವುದಿಲ್ಲ. ಆಟವನ್ನು ಅಳಿಸಿದರೆ ಸೇವ್ ಕೂಡ ಹೋಗುತ್ತದೆ ಎಂದು ಹೆದರುವವರಿದ್ದಾರೆ. ಪಿಎಸ್4, ಪಿಎಸ್5, ನಿಂಟೆಂಡೋ ಸ್ವಿಚ್‌ಗಳಲ್ಲಿ ಹಾಗಾಗುವುದಿಲ್ಲ. ಸೇವ್ ಯಂತ್ರದೊಳಗೇ ಉಳಿಯುತ್ತದೆ. ಆದರೆ ಹೊರಗಿನ ಡಿಸ್ಕಿಗೆ ಆಟ ಹೋದರೂ ಸೇವ್ ಹೋಗುವುದಿಲ್ಲ ಎಂಬುದೂ ಅಷ್ಟೇ ನಿಜ. ಯಂತ್ರವೇ ಕೆಟ್ಟರೆ ಗತಿಯೇನು? ನಮ್ಮ ಪಿಎಸ್4 ಒಮ್ಮೆ ಕೆಟ್ಟಾಗ ಪೇಟೆಯ ರಿಪೇರಿ ಅಂಗಡಿಯೊಂದರಲ್ಲಿ ಒಂದು ಮಾತೂ ಕೇಳದೆ ಎಲ್ಲವನ್ನೂ ಒರಸಿ ಹೊಸದರಂತೆ ಮಾಡಿ ಕೊಟ್ಟರು. ಪುಣ್ಯಕ್ಕೆ ನಮ್ಮ ಸೇವ್‌ಗಳು ಒಂದು ಪೆನ್‌ಡ್ರೈವಿನಲ್ಲಿ ಇದ್ದುವು. ಪಿಎಸ್4ರಲ್ಲಿ ಆ ಸೌಕರ್ಯವುಂಟು, ಅದಕ್ಕೆ ಹಣವಿಲ್ಲ.

ಪಿಎಸ್5ರಲ್ಲಿಯಾದರೋ ಈ ಸೌಕರ್ಯ ಕುಂಠಿತವಾಗಿದೆ. ಇಡೀ ಯಂತ್ರದ ಪ್ರತಿಯನ್ನು ತೆಗೆಯಬಹುದು, ಒಂದು ಪಿಎಸ್5ರಿಂದ ಮತ್ತೊಂದಕ್ಕೆ ಮನೆಯ ನೆಟ್‌ವರ್ಕಿನಲ್ಲಿ ವರ್ಗಾಯಿಸಬಹುದು. ಆದರೆ ಪಿಎಸ್5 ಆಟದ ಸೇವ್ ಒಂದನ್ನು ಆರಿಸಿ ಪೆನ್‌ಡ್ರೈವಿಗೆ ಹಾಕಿಕೊಳ್ಳುವಂತಿಲ್ಲ. ಅದನ್ನು ಕ್ಲೌಡ್‌ನಲ್ಲಿ ಇಡಬೇಕಾದರೆ ಪ್ಲೇಸ್ಟೇಷನ್ ಪ್ಲಸ್‌ನ ಚಂದಾ ಕಟ್ಟಬೇಕು. ನಿಂಟೆಂಡೋ ಸ್ವಿಚ್‌ನಲ್ಲಿಯೂ ಸೇವ್‌ಗಳನ್ನು ಮೈಕ್ರೋ ಎಸ್‌ಡಿ ಕಾರ್ಡಿಗೆ ಸಾಗಿಸಲಾಗದು; ಅಲ್ಲಿಯೂ ಕ್ಲೌಡ್‌ಗೆ ಚಂದಾ. ಎಕ್ಸ್‌ಬಾಕ್ಸ್ ಮಾತ್ರ ಸೇವ್‌ಗಳನ್ನು ಉಚಿತವಾಗಿ ಕ್ಲೌಡ್‌ನಲ್ಲಿ ಕಾಯುತ್ತದೆ. ಒಬ್ಬರಿಗೆ ಸಾಧ್ಯವಾದುದು ಇತರರಿಗೇಕೆ ಅಸಾಧ್ಯ? ನಕಲು ಮಾಡಲು ಬಿಟ್ಟರೆ ಮೋಸಗಾರರು ಸೇವ್‌ಗಳನ್ನು ತಿದ್ದಿ ಆಟ ಕೆಡಿಸುತ್ತಾರೆ ಎಂಬ ಸಮಾಧಾನವನ್ನು ಯಾರಾದರೂ ಹೇಳಬಹುದು. ಹಾಗಾದರೆ ಪಿಎಸ್4ರಲ್ಲಿ ಆ ಅವಕಾಶವನ್ನು ಕೊಟ್ಟದ್ದೇಕೆ? ಸೇವ್‌ಗೆ ಒಡೆಯನ ಖಾತೆಯ ಮುದ್ರೆ ಒತ್ತಿ ಕೊಡಲು ತಂತ್ರಜ್ಞಾನಕ್ಕೆ ಬರದೇ? ಹತ್ತು ಜನ ಕಳ್ಳರಿದ್ದಾರೆಂದು ಊರಿನವರೆಲ್ಲರ ಮನೆಗೆ ಬೀಗ ಹಾಕಿ, ಬೀಗದ ಕೈಗೆ ಬಾಡಿಗೆ ಕೇಳುವುದು ನ್ಯಾಯವಲ್ಲ.

‘ಮತ್ತೆ ಡೌನ್‌ಲೋಡ್ ಮಾಡಿಕೊಳ್ಳಿ’ ಎಂಬ ಭರವಸೆಯೂ ಶಾಶ್ವತವಲ್ಲ. ನಿಂಟೆಂಡೋದ ವೀ ಯು ಮತ್ತು 3ಡಿಎಸ್ ಯಂತ್ರಗಳ ಅಂಗಡಿ 2023ರ ಮಾರ್ಚ್ 27ರಂದು ಮುಚ್ಚಿತು. ಎಕ್ಸ್‌ಬಾಕ್ಸ್ 360ರ ಅಂಗಡಿ 2024ರ ಜುಲೈ 29ರಂದು ಮುಚ್ಚಿತು. ಪಿಎಸ್3ರ ಅಂಗಡಿಯನ್ನು ಮುಚ್ಚುವುದಾಗಿ 2021ರ ಮಾರ್ಚಿನಲ್ಲಿ ಸಾರಿದ ಸೋನಿ, ಆಟಗಾರರ ಅಸಮಾಧಾನ ಕಂಡು ಏಪ್ರಿಲಿನಲ್ಲಿ ಆ ನಿರ್ಧಾರವನ್ನು ಹಿಂತೆಗೆದುಕೊಂಡಿತು. ಜನ ದನಿಯೆತ್ತಿದರೆ ಫಲವುಂಟು ಎಂಬುದಕ್ಕೆ ಇದೇ ಸಾಕ್ಷಿ. ಅಂಗಡಿ ಮುಚ್ಚಿದರೂ ಮೊದಲು ಕೊಂಡವರಿಗೆ ಇಳಿಸಿಕೊಳ್ಳಲು ಅವಕಾಶ ಕೊಟ್ಟಿರುವುದು ನಿಜ. ಆದರೆ ಅದು ಎಂದಿನವರೆಗೆ ಎಂಬುದು ಅವರ ಕೈಯಲ್ಲಿದೆ, ನಮ್ಮ ಕೈಯಲ್ಲಿಲ್ಲ. ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯ 2024ರಲ್ಲಿ ಒಂದು ಕಾನೂನು ಮಾಡಿತು. 2025ರ ಜನವರಿಯಿಂದ ಜಾರಿಗೆ ಬಂದ ಅದರ ಪ್ರಕಾರ, ಗ್ರಾಹಕನಿಗೆ ಸಿಗುವುದು ಬಳಕೆಯ ಪರವಾನಗಿ ಮಾತ್ರವಾಗಿದ್ದರೆ ಮಾರುವವನು ಅದನ್ನು ಸ್ಪಷ್ಟವಾಗಿ ತಿಳಿಸಬೇಕು. ನಮ್ಮಲ್ಲಿಯೂ ಗ್ರಾಹಕರ ಹಕ್ಕನ್ನು ಕುರಿತು ಆಲೋಚಿಸುವವರು ಈ ಕಡೆ ಗಮನ ಹರಿಸಬೇಕಾದುದು ಯುಕ್ತ.

ನನ್ನ ಬೇಡಿಕೆ ದೊಡ್ಡದಲ್ಲ. ಆಟಗಾರನ ಸೇವ್ ಅನ್ನು ಅವನ ಕೈಗೇ ಕೊಡುವ ಉಚಿತ ದಾರಿ ಪ್ರತಿಯೊಂದು ಯಂತ್ರದಲ್ಲಿಯೂ ಇರಬೇಕು. ಆಡುವವನಿಗೆ ನಿಜವಾಗಿ ಉಳಿಯುವ ಜಾಗವೆಷ್ಟು ಎಂಬುದನ್ನು ಪೆಟ್ಟಿಗೆಯ ಮೇಲೆಯೇ ಅಚ್ಚುಹಾಕಬೇಕು. ಆಟದ ಯಾವ ಭಾಗ ಬೇಕು, ಯಾವುದು ಬೇಡ ಎಂದು ಆರಿಸಿ ಇಳಿಸಿಕೊಳ್ಳುವ ಸ್ವಾತಂತ್ರ್ಯ ಕೆಲವು ಆಟಗಳಲ್ಲಿ ಈಗಾಗಲೇ ಇದೆ; ಅದು ಎಲ್ಲ ದೊಡ್ಡ ಆಟಗಳಿಗೂ ವಿಸ್ತರಿಸಬೇಕು. ಇದರಿಂದ ಕಂಪನಿಗಳಿಗೆ ನಷ್ಟವೇನೂ ಇಲ್ಲ, ದೂರದ ಊರುಗಳಲ್ಲಿರುವ ಸಾವಿರಾರು ಮನೆಗಳಿಗೆ ಮಹದುಪಕಾರವಿದೆ.

ಅದು ಆಗುವವರೆಗೆ ನಮ್ಮ ಎಚ್ಚರ ನಮ್ಮಲ್ಲಿರಲಿ. ತಿಂಗಳಿಗೊಮ್ಮೆ ಸೇವ್‌ಗಳ ಪ್ರತಿ ತೆಗೆಯಿರಿ. ಆಡಿ ಮುಗಿದುದನ್ನು ಹೊರಗಿನ ಡಿಸ್ಕಿಗೆ ಸಾಗಿಸಿರಿ. ಎಂದೂ ಆಡೆನೆಂದು ನಿಶ್ಚಯವಾದುದನ್ನು ಮಾತ್ರ ಅಳಿಸಿರಿ. ಯಂತ್ರವನ್ನು ರಿಪೇರಿಗೆ ಕೊಡುವ ಮುನ್ನ, ಮಾರುವ ಮುನ್ನ, ಒಮ್ಮೆ ಒಳಗೇನಿದೆ ಎಂದು ನೋಡಿರಿ. ಓದು ಬರಹ ಕಲಿತ ನಾವು ಮನೆಯವರ ರೇಷನ್ ಕಾರ್ಡು, ಪಹಣಿ ಪತ್ರಗಳನ್ನು ಹೇಗೆ ಜೋಪಾನವಾಗಿ ಇಡುತ್ತೇವೆಯೋ, ತಮ್ಮ ತಂಗಿಯರ ಆಟದ ಗಳಿಕೆಯನ್ನೂ ಹಾಗೆಯೇ ಇಟ್ಟುಕೊಡೋಣ. ಸಣ್ಣ ವಸ್ತುವಿನಲ್ಲಿ ತನ್ನ ಹಕ್ಕನ್ನು ಅರಿತವನು ದೊಡ್ಡ ವಸ್ತುವಿನಲ್ಲಿ ಅದನ್ನು ಬಿಟ್ಟುಕೊಡಲಾರನು ಎಂಬುದು ನನ್ನ ದೃಢವಾದ ನಂಬಿಕೆ.