ತಡೆಯಾಜ್ಞೆಯ ಬೆಲೆ

‘ಗೆದ್ದವನು ಸೋತ, ಸೋತವನು ಸತ್ತ’ ಎಂಬ ಗಾದೆಯನ್ನು ಕನ್ನಡನಾಡಿನಲ್ಲಿ ಕೇಳದವರು ವಿರಳ. ಆಸ್ತಿಯ ವ್ಯಾಜ್ಯದಲ್ಲಿ ಸಿಕ್ಕಿಬಿದ್ದವರಿಗಂತೂ ಇದರ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ವರ್ಷಾನುಗಟ್ಟಲೆ ಕೋರ್ಟಿನ ಮೆಟ್ಟಿಲು ಸವೆಸಿ, ಮನೆ ತನ್ನದೆಂದು ಡಿಕ್ರಿ ಪಡೆದವನು ಬೀಗದಕೈಗಾಗಿ ಕೈ ಚಾಚುತ್ತಾನೆ. ಅಷ್ಟರಲ್ಲಿ ಎದುರಾಳಿ ಅಪೀಲು ಹೂಡಿ ತಡೆಯಾಜ್ಞೆ ತರುತ್ತಾನೆ. ಚಾಚಿದ ಕೈ ಚಾಚಿದಂತೆಯೇ ಉಳಿಯುತ್ತದೆ. ಭಾರತದ ಕಕ್ಷಿಗಾರನ ಕಷ್ಟ ಮೊದಲಾಗುವುದೇ ಡಿಕ್ರಿ ಕೈಗೆ ಬಂದ ಮೇಲೆ ಎಂಬ ಅರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲು 1872ರಷ್ಟು ಹಿಂದೆಯೇ ಆಡಿತ್ತು.

ಹಾಗಾದರೆ ತಡೆಯಾಜ್ಞೆಯೆಂಬುದು ಅನ್ಯಾಯದ ಆಯುಧವೆ? ಸೋತವನ ಕಡೆ ನಿಂತೂ ಒಮ್ಮೆ ನೋಡಬೇಕು. ನ್ಯಾಯಾಧೀಶರೂ ಮನುಷ್ಯರೇ, ತೀರ್ಪಿನಲ್ಲಿ ತಪ್ಪಿರಬಹುದೆಂದೇ ಅಪೀಲಿನ ಏರ್ಪಾಡು. ಅಪೀಲು ಇತ್ಯರ್ಥವಾಗುವುದರೊಳಗೆ ಗೆದ್ದವನು ಮನೆಯನ್ನು ಕೆಡವಿ, ಹಿತ್ತಲಿನ ಮರಗಳನ್ನು ಕಡಿಸಿಬಿಟ್ಟರೆ, ಆಮೇಲೆ ಜಯ ದೊರೆತರೂ ಇವನಿಗೆ ದಕ್ಕುವುದೇನು? ರದ್ದಾದ ಡಿಕ್ರಿಯಿಂದ ಕಳೆದುಕೊಂಡುದನ್ನು ಮರಳಿ ಕೊಡಿಸಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 144ನೆಯ ಕಲಮು ಉಂಟು, ನಿಜ. ನೆಲವನ್ನು ಮರಳಿ ಕೊಡಿಸಬಹುದು. ಅಜ್ಜ ನೆಟ್ಟ ಹಲಸಿನ ಮರವನ್ನು ಯಾವ ನ್ಯಾಯಾಲಯ ಮರಳಿ ಕೊಡಿಸೀತು?

ಇಬ್ಬರ ಅಳಲೂ ನಿಜವಾದುದರಿಂದಲೇ 1908ರ ಆ ಸಂಹಿತೆ ನಡುದಾರಿ ಹಿಡಿದಿದೆ. ಅಪೀಲು ಹೂಡಿದ ಮಾತ್ರಕ್ಕೆ ಡಿಕ್ರಿಯ ಅಮಲ್ಜಾರಿ ನಿಲ್ಲುವುದಿಲ್ಲವೆಂದು 41ನೆಯ ಆದೇಶದ 5ನೆಯ ನಿಯಮ ಸ್ಪಷ್ಟವಾಗಿ ಹೇಳುತ್ತದೆ. ಇದನ್ನರಿಯದೆ ಸುಮ್ಮನಿದ್ದವನ ಬಾಗಿಲಿಗೆ ಒಂದು ಬೆಳಿಗ್ಗೆ ಅಮೀನ ಬಂದು ನಿಲ್ಲಬಹುದು. ತಡೆ ಬೇಕಾದವನು ಅದಕ್ಕೆಂದೇ ಅರ್ಜಿ ಸಲ್ಲಿಸಿ ಮೂರು ವಿಷಯಗಳನ್ನು ಮನಗಾಣಿಸಬೇಕು: ತಡೆಯದಿದ್ದರೆ ತನಗೆ ಗಣನೀಯ ನಷ್ಟವಾಗುತ್ತದೆ, ತಾನು ಅಕಾರಣವಾಗಿ ತಡಮಾಡಿಲ್ಲ, ಕಡೆಗೆ ಸೋತರೆ ಡಿಕ್ರಿಯಂತೆ ನಡೆಯುವುದಕ್ಕೆ ಭದ್ರತೆ ಕೊಟ್ಟಿದ್ದಾನೆ. ಅಪೀಲಿಗೆ ಅವಸರದಲ್ಲಿ ಹೊರಡಲಾಗದವನು, ಅದರ ಗಡುವು ಮುಗಿಯುವ ಮುನ್ನ, ತೀರ್ಪಿತ್ತ ನ್ಯಾಯಾಲಯದಲ್ಲಿಯೇ ತಡೆ ಬೇಡಲೂ ಅವಕಾಶವಿದೆ.

ಈ ಭದ್ರತೆಯೆಂಬುದು ಬರಿಯ ಕಾಗದದ ಶಾಸ್ತ್ರವಲ್ಲವೆಂದು ತೋರಿದುದು ದೆಹಲಿಯ ಕನಾಟ್ ಸರ್ಕಸ್ಸಿನ ಒಂದು ಅಂಗಡಿ. 1944ರಿಂದ ಬಾಡಿಗೆಗಿದ್ದ ಆ ಜಾಗಕ್ಕೆ ತಿಂಗಳ ಬಾಡಿಗೆ 371 ರೂಪಾಯಿ 90 ಪೈಸೆ. ಖಾಲಿ ಮಾಡಬೇಕೆಂಬ ತೀರ್ಪಿನ ಮೇಲೆ ಬಾಡಿಗೆದಾರ ಅಪೀಲು ಹೋದಾಗ, ತಿಂಗಳಿಗೆ ಇನ್ನೂ 15,000 ರೂಪಾಯಿ ಠೇವಣಿಯಿಡಬೇಕೆಂಬ ಷರತ್ತಿನ ಮೇಲೆ ತಡೆ ದೊರೆಯಿತು. ಹೈಕೋರ್ಟು ಆ ಷರತ್ತನ್ನು ತೆಗೆದುಹಾಕಿತು. 2004ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಮತ್ತೆ ಊರ್ಜಿತಗೊಳಿಸಿತು. ತೆರವಿನ ಡಿಕ್ರಿಯಾದ ಮೇಲೆ ಹಳೆಯ ಬಾಡಿಗೆಯ ಕರಾರು ಉಳಿಯದು. ತಡೆಯ ಬಲದಿಂದ ಜಾಗ ಅನುಭವಿಸುವವನು ಅಂದಿನ ಪೇಟೆಯ ದರವನ್ನು ನೆನೆಯಬೇಕು ಎಂಬುದು ಅದರ ತಾತ್ಪರ್ಯ.

ಗೆದ್ದವನೂ ಕೈಕಟ್ಟಿ ಕೂರಬೇಕಾಗಿಲ್ಲ. 148ಎ ಕಲಮಿನಂತೆ ಮುಂಚಿತವಾಗಿಯೇ ಕೇವಿಯಟ್ ಸಲ್ಲಿಸಿದ್ದರೆ, ತನ್ನ ಮಾತು ಕೇಳದೆ ತಡೆಯಾಜ್ಞೆ ಕೊಡಬಾರದೆಂದು ಒತ್ತಾಯಿಸಬಹುದು. ಅದು 90 ದಿನ ಊರ್ಜಿತ. ಆ ಜಾಗಕ್ಕೆ ಈಗ ಎಷ್ಟು ಬಾಡಿಗೆ ಬಂದೀತೆಂಬ ದಾಖಲೆಗಳನ್ನು ಮೊದಲ ದಿನವೇ ಮುಂದಿಟ್ಟು ಷರತ್ತು ಕೇಳುವುದು ಲೇಸು. ಹೈಕೋರ್ಟಿನ ಮಧ್ಯಂತರ ಆಜ್ಞೆ ಕಾಲ ಕಳೆದ ಮಾತ್ರಕ್ಕೆ ತಾನಾಗಿ ಬಿದ್ದುಹೋಗದೆಂದು ಸುಪ್ರೀಂ ಕೋರ್ಟಿನ ಐವರ ಪೀಠ 2024ರಲ್ಲಿ ತೀರ್ಮಾನಿಸಿದ ಮೇಲಂತೂ ಈ ಎಚ್ಚರ ಇನ್ನಷ್ಟು ಅಗತ್ಯ.

ತಡೆಯಾಜ್ಞೆ ಸೋತವನ ಗೆಲುವಲ್ಲ, ಗೆದ್ದವನ ಸೋಲೂ ಅಲ್ಲ. ನಿಜವಾದ ಒಡೆಯ ಯಾರೆಂದು ಕಡೆಯ ಮಾತು ಹೊರಡುವವರೆಗೆ ಮನೆ ಮನೆಯಾಗಿಯೇ ನಿಂತಿರಲೆಂಬ ಎಚ್ಚರಿಕೆ ಅದು. ಕಾಯುವ ಕಷ್ಟ ಒಬ್ಬನದು, ಕಾಯಿಸುವ ಸುಖ ಇನ್ನೊಬ್ಬನದು ಎಂದಾಗದಂತೆ ಅದಕ್ಕೆ ತಕ್ಕ ಬೆಲೆ ಕಟ್ಟಿದಲ್ಲಿ, ಹಳೆಯ ಗಾದೆಯ ಮೊದಲರ್ಧವಾದರೂ ಸುಳ್ಳಾದೀತು.